ಹತ್ತಕ್ಕೆ ಸೊನ್ನೆ, ಮರುಪಂದ್ಯಕ್ಕೆ ಹದಿಮೂರು

ಆಡಿದ್ದು ಏಳು ಪಂದ್ಯ. ಮೂರು ಪಾಯಿಂಟಿನ ಗೆರೆಯಾಚೆ ನಿಂತು ಎಸೆದದ್ದು 36 ಸಲ. ಬುಟ್ಟಿಗೆ ಬಿದ್ದದ್ದು ಐದೇ ಐದು. 2018ರ ಅಕ್ಟೋಬರ್ 29ರ ಸೋಮವಾರ ಷಿಕಾಗೊದ ಯುನೈಟೆಡ್ ಸೆಂಟರ್ ಅಂಕಣಕ್ಕೆ ಇಳಿದಾಗ ಕ್ಲೇ ಥಾಂಪ್ಸನ್ ಅವರ ಆ ಋತುವಿನ ಲೆಕ್ಕ ಇಷ್ಟು. ಸತತ ಏಳು ಇನಿಂಗ್ಸ್‌ನಲ್ಲಿ ಎರಡಂಕಿ ಮುಟ್ಟದ ಬ್ಯಾಟರ್‌ಗೆ ನಮ್ಮಲ್ಲಿ ಯಾರ‍್ಯಾರಿಂದ ಏನೇನು ಸಲಹೆ ಸಿಗುತ್ತದೆ ಎಂಬುದು ಓದುಗರಿಗೆ ಗೊತ್ತೇ ಇದೆ. ಗೋಲ್ಡನ್ ಸ್ಟೇಟ್ ವಾರಿಯರ್ಸ್ ತಂಡದವರು ಮಾತ್ರ ಆ ದಿನ ಥಾಂಪ್ಸನ್ ಅವರಿಗೆ ಕೊಟ್ಟಿದ್ದು ಸಲಹೆಯನ್ನಲ್ಲ, ಚೆಂಡನ್ನು.

ಮೊದಲ ಕ್ವಾರ್ಟರ್‌ನಲ್ಲೇ 22 ಪಾಯಿಂಟ್. ಹಣೆಗೆ ಪೆಟ್ಟಾಯಿತೆಂದು ಹೆಡ್‌ಬ್ಯಾಂಡ್ ಕಟ್ಟಿಕೊಂಡರು, ಆ ಪಟ್ಟಿಯಲ್ಲೇ ಏನೋ ಇದೆಯೆಂದು ನಂಬುವಷ್ಟು ಚೆಂಡುಗಳು ಒಂದರ ಹಿಂದೊಂದು ಬುಟ್ಟಿಗಿಳಿದವು. ಅರ್ಧ ಪಂದ್ಯ ಮುಗಿಯುವಷ್ಟರಲ್ಲಿ ಹತ್ತು ತ್ರೀ ಆಗಿತ್ತು, ತಂಡದ ಮೊತ್ತ 92. ಮೂರನೇ ಕ್ವಾರ್ಟರ್‌ನಲ್ಲಿ ಇನ್ನೂ ಐದು ನಿಮಿಷದಷ್ಟು ಆಟ ಬಾಕಿ ಇರುವಾಗಲೇ ಹದಿನಾಲ್ಕನೆಯದೂ ಬಿತ್ತು. ಅಮೆರಿಕದ ಬ್ಯಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎ ಇತಿಹಾಸದಲ್ಲಿ ಒಂದೇ ಪಂದ್ಯದಲ್ಲಿ ಅಷ್ಟು ತ್ರೀ ಪಾಯಿಂಟರ್‌ಗಳನ್ನು ಅದುವರೆಗೆ ಯಾರೂ ಹೊಡೆದಿರಲಿಲ್ಲ. 24 ಎಸೆತಕ್ಕೆ 14. ಒಟ್ಟು 52 ಪಾಯಿಂಟ್, ಅದೂ 27 ನಿಮಿಷದ ಆಟದಲ್ಲಿ. ಆಮೇಲೆ ಬೆಂಚಿನ ಮೇಲೆ ಹೋಗಿ ಕುಳಿತವರು ಕೊನೆಯ ಕ್ವಾರ್ಟರ್‌ಗೆ ಏಳಲಿಲ್ಲ. 48 ನಿಮಿಷವೂ ಆಡಿದ್ದರೆ ಎಷ್ಟಾಗುತ್ತಿತ್ತು ಎಂಬ ಪ್ರಶ್ನೆ ಬ್ಯಾಸ್ಕೆಟ್‌ಬಾಲ್ ಹುಚ್ಚರ ಹರಟೆಗೆ ಇವತ್ತಿಗೂ ಒಳ್ಳೆಯ ಸರಕು.

ಅಲ್ಲಿಯವರೆಗಿನ ದಾಖಲೆ 13. ಅದರ ಒಡೆಯ ಸ್ಟೀಫನ್ ಕರಿ. ಅವರು ಅದೇ ತಂಡದಲ್ಲಿ, ಅದೇ ಅಂಗಿ ತೊಟ್ಟು, ಅದೇ ಅಂಕಣದಲ್ಲಿ ಓಡುತ್ತಿದ್ದರು.

ಕರಿ ಅವರ ಆ ಹದಿಮೂರರ ಹಿಂದೆಯೂ ಒಂದು ಸೊನ್ನೆ ಇದೆ. ಪ್ರತಿ ಪಂದ್ಯದಲ್ಲೂ ಕನಿಷ್ಠ ಒಂದು ತ್ರೀ ಹೊಡೆಯುತ್ತ ಸತತ 157 ಪಂದ್ಯ ದಾಟಿದ್ದ ಅವರು, 2016ರ ನವೆಂಬರ್ 4ರಂದು ಲಾಸ್ ಏಂಜಲೀಸ್‌ನಲ್ಲಿ ಲೇಕರ್ಸ್ ವಿರುದ್ಧ ಹತ್ತು ಸಲ ಎಸೆದರು. ಹತ್ತೂ ತಪ್ಪಿದವು, ತಂಡವೂ ಸೋತಿತು. ಮೂರು ದಿನ ಬಿಟ್ಟು ತಂಡದ ತವರು ಓಕ್ಲೆಂಡ್‌ನಲ್ಲಿ ನ್ಯೂ ಆರ್ಲಿಯನ್ಸ್ ಪೆಲಿಕನ್ಸ್ ವಿರುದ್ಧ 17 ಎಸೆದು 13 ಬೀಳಿಸಿದರು. ನಡುವೆ ಬೇರೆ ಪಂದ್ಯವಿರಲಿಲ್ಲ. ಹತ್ತಕ್ಕೆ ಸೊನ್ನೆ, ನೇರ ಅಲ್ಲಿಂದ ಎನ್‌ಬಿಎ ದಾಖಲೆ.

ಆ ಹದಿಮೂರಕ್ಕೆ ಮುಂಚೆ ದಾಖಲೆ 12ರಲ್ಲಿ ನಿಂತಿತ್ತು. ಕೋಬಿ ಬ್ರಯಂಟ್ 2003ರ ಜನವರಿಯಲ್ಲಿ ಸಿಯಾಟಲ್ ವಿರುದ್ಧ ಹೊಡೆದದ್ದು, ಡೊನ್ಯೆಲ್ ಮಾರ್ಷಲ್ 2005ರಲ್ಲಿ ಸರಿಗಟ್ಟಿದ್ದು, 2016ರ ಫೆಬ್ರುವರಿ 27ರಂದು ಓಕ್ಲಹೋಮ ಸಿಟಿಯಲ್ಲಿ ಸ್ವತಃ ಕರಿಯೇ ಮುಟ್ಟಿದ್ದು. ಕೋಬಿ ಹೆಸರು ಈ ಪಟ್ಟಿಯಲ್ಲಿರುವುದೇ ಒಂದು ತಮಾಷೆ. ಅವರ ಆಟದ ಜೀವ ಗೆರೆಯ ಒಳಗಿತ್ತು, ದೂರದ ಎಸೆತದಲ್ಲಿರಲಿಲ್ಲ. ಒಂದು ರಾತ್ರಿ ಮಾತ್ರ ಸತತ ಒಂಬತ್ತು ಬಿದ್ದವು. ಇನ್ನು ಓಕ್ಲಹೋಮದ ಆ ರಾತ್ರಿಯಂತೂ ಬೇರೆಯೇ ಕತೆ. ನಡುವೆ ಕಣಕಾಲು ತಿರುಚಿಕೊಂಡು ಒಳಗೆ ಹೋಗಿದ್ದ ಕರಿ, ಪಟ್ಟಿ ಬಿಗಿಸಿಕೊಂಡು ವಾಪಸು ಬಂದರು. ಹೆಚ್ಚುವರಿ ಅವಧಿಯಲ್ಲಿ ಸ್ಕೋರು ಸಮ. ಇನ್ನೇನು ಗಡಿಯಾರ ನಿಲ್ಲಬೇಕು. ಅರ್ಧ ಅಂಕಣದ ಗೆರೆ ದಾಟಿ ನಾಲ್ಕು ಹೆಜ್ಜೆ ಇಟ್ಟಿದ್ದರೋ ಇಲ್ಲವೋ, ಅಲ್ಲಿಂದಲೇ ಎಸೆದುಬಿಟ್ಟರು. ಬುಟ್ಟಿ ಹನ್ನೊಂದು ಮೀಟರಿಗೂ ಆಚೆ ಇತ್ತು. ದೊಡ್ಡ ಹೊಡೆತಕ್ಕೆ ಒಮ್ಮೆ ‘ಬ್ಯಾಂಗ್’ ಎಂದು ಕೂಗುವ ಟಿವಿ ವೀಕ್ಷಕ ವಿವರಣೆಗಾರ ಮೈಕ್ ಬ್ರೀನ್ ಆ ದಿನ ಎರಡು ಸಲ ಕೂಗಿದರು.

ಮೂರು ಪಾಯಿಂಟಿನ ಎಸೆತ ಎಷ್ಟು ಕಷ್ಟದ್ದು? ಎನ್‌ಬಿಎಯಲ್ಲಿ ಕಮಾನು ಗೆರೆಯ ನೆತ್ತಿಯಿಂದ ಬುಟ್ಟಿಯ ನಡುವಿಗೆ 7.24 ಮೀಟರ್, ಮೂಲೆಗಳಲ್ಲಿ ಮಾತ್ರ 6.70 ಮೀಟರ್. ನಮ್ಮ ದೇಶದಲ್ಲಿ ಆಡುವ ಅಂತರರಾಷ್ಟ್ರೀಯ ನಿಯಮದ ಗೆರೆ 6.75 ಮೀಟರ್. ರಿಂಗ್ ಇರುವುದು 3.05 ಮೀಟರ್ ಎತ್ತರದಲ್ಲಿ, ಅದರ ಅಗಲ ಸುಮಾರು 46 ಸೆಂಟಿಮೀಟರ್. ಚೆಂಡಿನ ಅಗಲ 24 ಸೆಂಟಿಮೀಟರ್. ಹೆಚ್ಚುಕಡಿಮೆ ಎರಡು ಚೆಂಡಿನಷ್ಟು ಜಾಗ ಇದೆಯಲ್ಲ ಎನಿಸುತ್ತದೆ. ಆದರೆ ಕೊಡದ ಬಾಯಿಯನ್ನು ಮೇಲಿನಿಂದ ನೋಡಿದರೆ ದುಂಡಗೆ ಕಾಣುತ್ತದೆ, ಕೂತು ಪಕ್ಕದಿಂದ ನೋಡಿದರೆ ಗೆರೆಯಾಗುತ್ತದೆ. ಚೆಂಡಿಗೂ ರಿಂಗ್ ಕಾಣುವುದು ಹಾಗೆಯೇ. 45 ಡಿಗ್ರಿ ಕೋನದಲ್ಲಿ ಇಳಿದು ಬರುವ ಚೆಂಡಿಗೆ ಸಿಗುವ ಬಾಯಿ 32 ಸೆಂಟಿಮೀಟರ್. ಕೋನ 30 ಡಿಗ್ರಿಗೆ ಇಳಿದರೆ ಬಾಯಿ 23 ಸೆಂಟಿಮೀಟರ್‌ಗೆ ಕುಗ್ಗುತ್ತದೆ, ಅಂದರೆ ಚೆಂಡಿಗಿಂತ ಕಿರಿದು. ರಿಂಗಿಗೆ ತಾಗದೆ ಒಳಗೆ ಹೋಗುವುದು ಸಾಧ್ಯವೇ ಇಲ್ಲ. ಹಾಗಾಗಿ ಎತ್ತರಕ್ಕೆ ಎಸೆಯಲೇಬೇಕು, ಎತ್ತರಕ್ಕೆ ಎಸೆದಷ್ಟೂ ತೋಳಿನ ಬಲ ಹೆಚ್ಚು ಬೇಕು. ಮೈಮೇಲೆ ಬೀಳುವಂತೆ ಕೈಯೆತ್ತಿ ಬರುವ ಎದುರಾಳಿ ಇದನ್ನೆಲ್ಲ ಲೆಕ್ಕ ಹಾಕಲು ಸಮಯ ಕೊಡುವುದಿಲ್ಲ. ದೇಹಕ್ಕೆ ಮೊದಲೇ ಗೊತ್ತಿರಬೇಕು.

ಗೊತ್ತು ಮಾಡಿಸುವುದು ಹೇಗೆಂಬುದಕ್ಕೆ 2020ರ ಡಿಸೆಂಬರ್‌ನ ಒಂದು ಅಭ್ಯಾಸದ ವಿಡಿಯೊ ನೋಡಬೇಕು. ಮೂಲೆಯಲ್ಲಿ ನಿಂತ ಕರಿ ಒಂದೇ ಸಮನೆ ಎಸೆಯುತ್ತಾರೆ, ಯಾರೋ ಚೆಂಡು ಹೆಕ್ಕಿ ಕೊಡುತ್ತಾರೆ, ಮತ್ತೆ ಎಸೆಯುತ್ತಾರೆ. ಸತತ 105 ಬಿದ್ದವು. ನೋಡುತ್ತ ಕೂತರೆ ಐದು ನಿಮಿಷದ ಈ ವಿಡಿಯೊದಷ್ಟು ಬೋರು ಹೊಡೆಸುವ ಕ್ರೀಡಾ ದೃಶ್ಯ ಮತ್ತೊಂದಿಲ್ಲ. ಮಗ್ಗದ ಲಾಳಿ ಹೋಗಿ ಬಂದಂತೆ.

ಥಾಂಪ್ಸನ್ ಅವರ ರೀತಿ ಬೇರೆ. ಕರಿ ಚೆಂಡು ಕುಟ್ಟುತ್ತ, ಎದುರಾಳಿಯನ್ನು ಕುಣಿಸುತ್ತ ಜಾಗ ಮಾಡಿಕೊಳ್ಳುತ್ತಾರೆ. ಥಾಂಪ್ಸನ್ ಚೆಂಡಿಲ್ಲದೆ ಓಡುತ್ತಾರೆ, ಜೊತೆಯಾಟಗಾರರ ಮೈಮರೆಯಿಂದ ಹೊರಬರುತ್ತಾರೆ, ಪಾಸ್ ಕೈಗೆ ತಾಗುವಾಗ ಕಾಲು ಆಗಲೇ ಬುಟ್ಟಿಯತ್ತ ತಿರುಗಿರುತ್ತದೆ. 2016ರ ಡಿಸೆಂಬರ್ 5ರಂದು ಇಂಡಿಯಾನ ವಿರುದ್ಧ 29 ನಿಮಿಷದಲ್ಲಿ 60 ಪಾಯಿಂಟ್ ಗಳಿಸಿದಾಗ ಪಂದ್ಯದುದ್ದಕ್ಕೂ ಚೆಂಡು ಅವರ ಕೈಯಲ್ಲಿದ್ದುದು ಒಟ್ಟು ಒಂದೂವರೆ ನಿಮಿಷ. ಡ್ರಿಬಲ್ ಮಾಡಿದ್ದು 11 ಬಾರಿ. 60 ಪಾಯಿಂಟಿಗೆ 11 ಡ್ರಿಬಲ್! ಕರಿಯವರ ಆಟಕ್ಕಿಂತ ನನಗೆ ಇದೇ ಹೆಚ್ಚು ರುಚಿಸುತ್ತದೆ. ದೊಡ್ಡ ಗಾಯಕರ ಪಕ್ಕದಲ್ಲಿ ಕುಳಿತ ಪಿಟೀಲು ವಾದಕ ತನ್ನ ಸರದಿ ಬಂದಾಗ ನಾಲ್ಕೇ ಆವರ್ತ ನುಡಿಸಿ ಸಭೆಯನ್ನೆಲ್ಲ ಎಬ್ಬಿಸಿಬಿಡುತ್ತಾನಲ್ಲ, ಹಾಗೆ.

ಅದಕ್ಕೂ ಮೊದಲು, 2015ರ ಜನವರಿ 23ರಂದು, ಸ್ಯಾಕ್ರಮೆಂಟೊ ಕಿಂಗ್ಸ್ ವಿರುದ್ಧ ಒಂದೇ ಕ್ವಾರ್ಟರ್‌ನಲ್ಲಿ 37 ಪಾಯಿಂಟ್ ಗಳಿಸಿದ್ದರು. ಹನ್ನೆರಡು ನಿಮಿಷದ ಅವಧಿ. 13 ಎಸೆತಕ್ಕೆ 13, ಅದರಲ್ಲಿ ತ್ರೀ ಒಂಬತ್ತಕ್ಕೆ ಒಂಬತ್ತು. ಇಡೀ ಪಂದ್ಯದ 14ಕ್ಕಿಂತ ಈ ಒಂಬತ್ತೇ ದೊಡ್ಡದು ಎನ್ನುವವರಿದ್ದಾರೆ, ನಾನೂ ಅವರ ಪಕ್ಷ. ಅಂದು ಸೋತ ಕಿಂಗ್ಸ್ ತಂಡದ ಮಾಲೀಕರು ಮುಂಬೈಯಲ್ಲಿ ಹುಟ್ಟಿದ ವಿವೇಕ್ ರಣದಿವೆ. ಕಿಂಗ್ಸ್ ಕೊಳ್ಳುವ ಮೊದಲು ಅವರು ವಾರಿಯರ್ಸ್ ತಂಡದಲ್ಲೇ ಪಾಲು ಹೊಂದಿದ್ದವರು.

ತಪ್ಪಿದರೂ ಎಸೆಯುತ್ತಲೇ ಇರು ಎಂಬುದಕ್ಕೆ ಸರಳ ಗಣಿತದ ಬೆಂಬಲವಿದೆ. ನೂರು ತ್ರೀ ಎಸೆದು 40 ಬಿದ್ದರೂ 120 ಪಾಯಿಂಟ್. ಎರಡು ಪಾಯಿಂಟಿನ ಜಾಗದಿಂದ ಅಷ್ಟೇ ಗಳಿಸಲು ನೂರಕ್ಕೆ 60 ಬೀಳಬೇಕು. ಎನ್‌ಬಿಎ ಈ ಗೆರೆ ಎಳೆದದ್ದು 1979ರಲ್ಲಿ. ಆ ಅಕ್ಟೋಬರ್ 12ರಂದು ಬಾಸ್ಟನ್‌ನ ಕ್ರಿಸ್ ಫೋರ್ಡ್ ಮೊದಲ ತ್ರೀ ಹೊಡೆದರು. ಆ ಋತುವಿನಲ್ಲಿ ಒಂದು ತಂಡ ಪಂದ್ಯಕ್ಕೆ ಸರಾಸರಿ ಮೂರು ಸಲವೂ ಆ ಗೆರೆಯಾಚೆಯಿಂದ ಎಸೆಯುತ್ತಿರಲಿಲ್ಲ. ಈಗ 35 ದಾಟಿದೆ. ಗಣಿತ ಆಗಲೂ ಇದೇ ಇತ್ತು, ಧೈರ್ಯ ಬರಲು ಮೂವತ್ತು ವರ್ಷ ಹಿಡಿಯಿತು. ಒಂದು ಋತುವಿಗೆ 269 ತ್ರೀ ಎಂಬ ರೇ ಅಲೆನ್ ದಾಖಲೆಯನ್ನು ಕರಿ 2013ರಲ್ಲಿ 272 ಮಾಡಿದರು, ಎರಡು ವರ್ಷದ ಮೇಲೆ 286, ಮರುವರ್ಷ ಒಮ್ಮೆಲೇ 402. 2021ರ ಡಿಸೆಂಬರ್ 14ರಂದು ನ್ಯೂಯಾರ್ಕಿನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್‌ನಲ್ಲಿ ಅಲೆನ್ ಅವರ ಒಟ್ಟು 2,973ನ್ನೂ ದಾಟಿದರು. ಅಲೆನ್‌ಗೆ 1,300 ಪಂದ್ಯ ಬೇಕಾಗಿತ್ತು, ಕರಿಗೆ 789 ಸಾಕಾಯಿತು. ಈಗ ಅವರ ಲೆಕ್ಕ ನಾಲ್ಕು ಸಾವಿರದ ಆಚೆಗಿದೆ.

ಇದೇ ಗಣಿತವನ್ನು ನಂಬಿದ ಹ್ಯೂಸ್ಟನ್ ರಾಕೆಟ್ಸ್ 2018ರ ಮೇ 28ರಂದು ಇದೇ ವಾರಿಯರ್ಸ್ ವಿರುದ್ಧ, ಗೆದ್ದರೆ ಫೈನಲ್ ಎಂಬ ಏಳನೇ ಪಂದ್ಯದಲ್ಲಿ, 44 ತ್ರೀ ಎಸೆದು ಏಳನ್ನಷ್ಟೇ ಬೀಳಿಸಿತು. ನಡುವೆ ಸತತ 27 ತಪ್ಪಿದವು. ಸರಾಸರಿ ಎಂಬುದು ವರ್ಷದ ಕೊನೆಗೆ ನ್ಯಾಯ ಒದಗಿಸಬಹುದು, ಆ ರಾತ್ರಿಯೇ ಒದಗಿಸಬೇಕೆಂಬ ಕರಾರಿಲ್ಲ. ಹ್ಯೂಸ್ಟನ್‌ನವರನ್ನು ಹಟಮಾರಿಗಳೆಂದು ಬಹಳ ಜನ ಹಂಗಿಸಿದರು. ಇಪ್ಪತ್ತೆಂಟನೆಯದು ಬಿದ್ದು, ಮುಂದಿನ ಹತ್ತೂ ಬಿದ್ದಿದ್ದರೆ ಅದೇ ಹಟಕ್ಕೆ ಛಲ ಎಂಬ ಹೆಸರು ಬರುತ್ತಿತ್ತು.

ಹೈಸ್ಕೂಲಿನ ಸಿಮೆಂಟ್ ಅಂಕಣದಲ್ಲಿ ನಾವು ಆಡುವಾಗ ದೂರದಿಂದ ಎರಡು ಸಲ ಎಸೆದು ತಪ್ಪಿಸಿದವನಿಗೆ ಸಂಜೆಯಿಡೀ ಚೆಂಡು ಸಿಗುತ್ತಿರಲಿಲ್ಲ. ‘ಸುಮ್ನೆ ಪಾಸ್ ಕೊಡೋ’ ಎಂಬುದೊಂದೇ ಆಜ್ಞೆ. ನನಗೆ ಬಹಳ ಸಂಜೆ ಸಿಕ್ಕಿಲ್ಲ. ಷಿಕಾಗೊದ ಆ ಪಂದ್ಯದ ತುಣುಕುಗಳನ್ನು ನೋಡುವಾಗ ನನ್ನ ಕಣ್ಣು ಹೋಗುವುದು ಥಾಂಪ್ಸನ್ ಕಡೆಗಲ್ಲ, ಪಾಸ್ ಕೊಡುವವರ ಕಡೆಗೆ. 36ಕ್ಕೆ 31 ತಪ್ಪಿಸಿದವನನ್ನು ಅವರು ಹುಡುಕಿ ಹುಡುಕಿ ಚೆಂಡು ಮುಟ್ಟಿಸುತ್ತಾರೆ.

ಆಮೇಲೆ 13 ಮುಟ್ಟಿದವರಿದ್ದಾರೆ. ಥಾಂಪ್ಸನ್ ಕೈಯಲ್ಲಿ 14 ಹೊಡೆಸಿಕೊಂಡ ಷಿಕಾಗೊ ಬುಲ್ಸ್ ತಂಡದ ಜ್ಯಾಕ್ ಲವೀನ್ ಅವರನ್ನು 2019ರ ನವೆಂಬರ್‌ನ ಒಂದು ರಾತ್ರಿ, ರಕ್ಷಣೆ ಸರಿಯಿಲ್ಲವೆಂದು ಕೋಚ್ ಪಂದ್ಯದ ಆರಂಭದಲ್ಲೇ ಹೊರಗೆ ಕರೆದು ಬೆಂಚಿಗೆ ಕಳಿಸಿದ್ದರು. ಮರುರಾತ್ರಿಯೇ ಷಾರ್ಲಟ್‌ನಲ್ಲಿ 13 ತ್ರೀ ಹೊಡೆದರು, ಹದಿಮೂರನೆಯದು ಪಂದ್ಯ ಗೆಲ್ಲಿಸಿತು. 2023ರ ಫೆಬ್ರುವರಿಯಲ್ಲಿ ಡೇಮಿಯನ್ ಲಿಲ್ಲರ್ಡ್ 71 ಪಾಯಿಂಟ್ ಗಳಿಸಿದ ದಿನವೂ 13. ಎದುರಾಳಿಯಿಲ್ಲದ ತ್ರೀ ಪಾಯಿಂಟ್ ಸ್ಪರ್ಧೆಯ ಮಾತು ಬೇರೆ, ಆದರೆ ಅಲ್ಲಿನ ಮೇಲುಗೈ ಹೆಣ್ಣುಮಗಳದ್ದು. 2023ರ ಜುಲೈನಲ್ಲಿ ಲಾಸ್ ವೇಗಸ್‌ನಲ್ಲಿ ಸಬ್ರೀನಾ ಅಯನೆಸ್ಕು 27 ಎಸೆತದಲ್ಲಿ 25 ಬೀಳಿಸಿ, 40ಕ್ಕೆ 37 ಅಂಕ ಪಡೆದರು. ಸತತ ಇಪ್ಪತ್ತು ತಪ್ಪಲೇ ಇಲ್ಲ. ಮರುವರ್ಷ ಇಂಡಿಯಾನಪೊಲಿಸ್‌ನಲ್ಲಿ ಕರಿ ಎದುರು ಎನ್‌ಬಿಎ ಗೆರೆಯಿಂದಲೇ ಎಸೆದು 26 ಗಳಿಸಿದರು. ಕರಿ 29 ಗಳಿಸಿ ಗೆದ್ದರು.

ಷಿಕಾಗೊದ ಆ ರಾತ್ರಿ ಕಳೆದು ಎಂಟು ತಿಂಗಳೂ ಆಗಿರಲಿಲ್ಲ, 2019ರ ಫೈನಲ್‌ನಲ್ಲಿ ಥಾಂಪ್ಸನ್ ಅವರ ಮಂಡಿಯ ಲಿಗಮೆಂಟ್ ಹರಿಯಿತು. ಕುಂಟುತ್ತ ಒಳಗೆ ಹೊರಟವರು ತಿರುಗಿ ಬಂದು, ತಮಗೆ ಸಿಗಬೇಕಿದ್ದ ಎರಡು ಫ್ರೀ ಥ್ರೋ ಹಾಕಿ ಹೋದರು. ಎರಡೂ ಬಿದ್ದವು. ಮರುವರ್ಷ ಹಿಮ್ಮಡಿಯ ಸ್ನಾಯುರಜ್ಜು ಹರಿಯಿತು. ಮತ್ತೆ ಪಂದ್ಯಕ್ಕೆ ಇಳಿದದ್ದು 941 ದಿನಗಳ ಮೇಲೆ. ಅದಾದ ಮರು ಋತುವಿನಲ್ಲಿ 301 ತ್ರೀ ಹೊಡೆದು ಇಡೀ ಲೀಗಿಗೆ ಮೊದಲಿಗರಾದರು.

ವಾರಿಯರ್ಸ್ ಅಂಗಿಯಲ್ಲಿ ಅವರ ಕೊನೆಯ ಪಂದ್ಯ 2024ರ ಏಪ್ರಿಲ್ 16ರಂದು ಸ್ಯಾಕ್ರಮೆಂಟೊದಲ್ಲಿ ನಡೆಯಿತು. ಹಿಂದೊಮ್ಮೆ 13ಕ್ಕೆ 13 ಹೊಡೆದದ್ದು ಅದೇ ಕಿಂಗ್ಸ್ ವಿರುದ್ಧ. ಈ ಸಲ ಹತ್ತು ಎಸೆದರು, ಹತ್ತೂ ತಪ್ಪಿದವು. ಒಂದು ಪಾಯಿಂಟೂ ಇಲ್ಲ. ತಂಡ ಸೋತು ಮನೆಗೆ ಹೋಯಿತು, ಆ ಬೇಸಿಗೆಯಲ್ಲಿ ಅವರು ಡಲ್ಲಾಸ್ ಸೇರಿದರು. ನವೆಂಬರ್ 12ರಂದು ಎದುರು ತಂಡದ ಆಟಗಾರರಾಗಿ ಸ್ಯಾನ್ ಫ್ರಾನ್ಸಿಸ್ಕೊಗೆ ವಾಪಸು ಬಂದಾಗ ಹಳೆಯ ಅಭಿಮಾನಿಗಳು ಎದ್ದು ನಿಂತು ಸ್ವಾಗತಿಸಿದರು. ಪಂದ್ಯ ಕರಿ ಕಡೆಯವರು ಗೆದ್ದರು, 120–117. ಥಾಂಪ್ಸನ್ ಗಳಿಸಿದ್ದು 22 ಪಾಯಿಂಟ್. ಆರು ತ್ರೀ ಬಿದ್ದಿದ್ದವು.