ಕೋರೈಸುವ ದೀಪ, ಹಳೆಯ ದನಿ

1982ರಲ್ಲಿ ಬ್ರಿಟನ್ನಿನ ಸಂಗೀತಗಾರರ ಸಂಘದ ಲಂಡನ್ ಶಾಖೆಯೊಂದು ವಿಚಿತ್ರವಾದ ನಿರ್ಣಯವನ್ನು ಮುಂದಿಟ್ಟಿತು. ಸಿಂಥಸೈಜರ್ ಮತ್ತು ಡ್ರಮ್ ಮೆಷಿನ್‌ಗಳನ್ನು ಧ್ವನಿಮುದ್ರಣದಲ್ಲಾಗಲಿ ವೇದಿಕೆಯ ಮೇಲಾಗಲಿ ಬಳಸಕೂಡದು ಎಂಬುದು ಅದರ ತಿರುಳು. ಅಮೆರಿಕದ ಗಾಯಕ ಬ್ಯಾರಿ ಮ್ಯಾನಿಲೋ ತಮ್ಮ ಬ್ರಿಟನ್ ಪ್ರವಾಸದಲ್ಲಿ ವಾದ್ಯವೃಂದದ ಜಾಗಕ್ಕೆ ಈ ಯಂತ್ರವನ್ನು ತಂದು ಕೂರಿಸಿದ್ದು ತಕ್ಷಣದ ಕಾರಣ. ಹತ್ತಾರು ಪಿಟೀಲುವಾದಕರ ಅನ್ನವನ್ನು ಒಂದೇ ಒಂದು ಪೆಟ್ಟಿಗೆ ಕಿತ್ತುಕೊಳ್ಳಬಲ್ಲದು ಎಂಬ ಅವರ ಭಯ ಸುಳ್ಳೇನೂ ಆಗಿರಲಿಲ್ಲ. ನಿಷೇಧವೇನೋ ಜಾರಿಗೆ ಬರಲಿಲ್ಲ. ಆದರೆ ಅನ್ನದ ಪ್ರಶ್ನೆಯ ಜೊತೆಗೇ ಇನ್ನೊಂದು ಆರೋಪ ಆ ದಿನಗಳಲ್ಲಿ ಬಲವಾಗಿ ಕೇಳಿಬರುತ್ತಿತ್ತು: ಈ ದನಿಗೆ ಹೃದಯವಿಲ್ಲ, ಇದು ಬರೀ ಯಂತ್ರದ ಸದ್ದು.

ಹೊಸ ವಾದ್ಯ ಬಂದಾಗ ಹೀಗಾಗುವುದು ಆ ನಾಡಿಗೆ ಮಾತ್ರ ಸೀಮಿತವಾದ ಸಂಗತಿಯಲ್ಲ. ಗಮಕಕ್ಕೆ ಒಗ್ಗದ ವಾದ್ಯವೆಂಬ ಕಾರಣಕ್ಕೆ ನಮ್ಮ ಆಕಾಶವಾಣಿಯೂ ಹಾರ್ಮೋನಿಯಂ ಅನ್ನು 1940ರಿಂದ ಸುಮಾರು ಮೂರು ದಶಕ ಹೊರಗಿಟ್ಟಿತ್ತಲ್ಲವೆ?

ಅದೇ ಯಂತ್ರದ ದನಿಯ ಹಾಡೊಂದು 2020ರಲ್ಲಿ, ಜಗತ್ತಿಗೆ ಜಗತ್ತೇ ಬಾಗಿಲು ಹಾಕಿಕೊಂಡು ಕುಳಿತಿದ್ದಾಗ, ಮನೆಮನೆಯ ಒಡನಾಡಿಯಾಯಿತು. ಹಾಡಿನ ಹೆಸರು 'ಬ್ಲೈಂಡಿಂಗ್ ಲೈಟ್ಸ್'. ಕಣ್ಣು ಕೋರೈಸುವ ದೀಪಗಳು ಎಂದು ಅರ್ಥ. ಹಾಡಿದವರು ಕೆನಡಾದ ಏಬಲ್ ಟೆಸ್ಫಾಯೆ. ಇಥಿಯೋಪಿಯಾದಿಂದ ವಲಸೆ ಬಂದ ದಂಪತಿಗೆ 1990ರಲ್ಲಿ ಟೊರಾಂಟೊದಲ್ಲಿ ಹುಟ್ಟಿದ ಇವರನ್ನು ಸಂಗೀತಲೋಕ ಬಲ್ಲದ್ದು 'ದಿ ವೀಕೆಂಡ್' ಎಂಬ ಹೆಸರಿನಿಂದ. ಹಾಡು ಬಿಡುಗಡೆಯಾದದ್ದು 2019ರ ನವೆಂಬರ್ 29ರಂದು. ಮರುವರ್ಷ ಮಾರ್ಚ್ 20ಕ್ಕೆ ಬಂದ 'ಆಫ್ಟರ್ ಅವರ್ಸ್' ಆಲ್ಬಮ್ಮಿನಲ್ಲಿ ಅದು ಸೇರಿತು.

ಇದನ್ನು ಮೊದಲ ಬಾರಿ ಕೇಳಿದವರಿಗೂ ಹಿಂದೆಂದೋ ಕೇಳಿದಂತೆ ಅನಿಸುತ್ತದೆ. ನಡುವಯಸ್ಸು ದಾಟಿದವರಿಗೆ ನಾರ್ವೆಯ 'ಆ-ಹಾ' ತಂಡದ 'ಟೇಕ್ ಆನ್ ಮಿ' ನೆನಪಾಯಿತು. ಅದು 1985ರಲ್ಲಿ ಅಮೆರಿಕದ ಪಟ್ಟಿಯ ತುದಿಗೇರಿದ ಹಾಡು. ಹೋಲಿಕೆ ಅಕಾರಣವಲ್ಲ. ಹೊಸ ಹಾಡಿನ ಓಟ ನಿಮಿಷಕ್ಕೆ 171 ತಾಳ, ಹಳೆಯದರದ್ದೂ ಹೆಚ್ಚುಕಡಿಮೆ ಅಷ್ಟೇ. ಎರಡರಲ್ಲೂ ಮನಸ್ಸಿನಲ್ಲಿ ಉಳಿಯುವುದು ಮಾತಿಗಿಂತ ಮೊದಲು, ಕೀಬೋರ್ಡಿನಲ್ಲಿ ನುಡಿಸಿದ ಪುಟ್ಟ ಸ್ವರಗುಚ್ಛ.

ಆ ದನಿಯ ಗುಟ್ಟೇನು? ಸಿಂಥಸೈಜರ್‌ನಲ್ಲಿ ತಂತಿಯಿಲ್ಲ, ಚರ್ಮವಿಲ್ಲ, ಊದುವ ಕೊಳವೆಯೂ ಇಲ್ಲ. ವಿದ್ಯುತ್ತಿನ ಕಂಪನವೇ ಅಲ್ಲಿ ನಾದ. ಗರಗಸದ ಹಲ್ಲಿನ ಆಕಾರದ ಒರಟು ಅಲೆಯೊಂದನ್ನು ಮೊದಲು ಹುಟ್ಟಿಸಿ, ಅದರಲ್ಲಿ ಬೇಡವಾದ ಸೂಕ್ಷ್ಮ ಸ್ವರಾಂಶಗಳನ್ನು ಸೋಸಿ ತೆಗೆದು, ದನಿ ಎಷ್ಟು ಬೇಗ ಏಳಬೇಕು, ಎಷ್ಟು ನಿಧಾನವಾಗಿ ಆರಬೇಕು ಎಂಬುದನ್ನು ಗುಂಡಿ ತಿರುಗಿಸಿ ನಿಗದಿಮಾಡುತ್ತಾರೆ. ಎಪ್ಪತ್ತರ ಮತ್ತು ಎಂಬತ್ತರ ದಶಕದ ಆರಂಭದ ಯಂತ್ರಗಳಲ್ಲಿ ಒಂದು ತೊಂದರೆಯಿತ್ತು. ಬಿಸಿಯೇರಿದಂತೆಲ್ಲ ಅವುಗಳ ಶ್ರುತಿ ಕೂದಲೆಳೆಯಷ್ಟು ಅತ್ತಿತ್ತ ಜರುಗುತ್ತಿತ್ತು. ಎರಡು ಅಲೆಗಳನ್ನು ಒಂದೇ ಸ್ವರಕ್ಕೆ ಕೂಡಿಸಿದರೂ ಅವು ಪೂರ್ತಿ ಒಂದಾಗುತ್ತಿರಲಿಲ್ಲ. ತಂಬೂರಿಯ ನಡುವಿನ ಎರಡು ತಂತಿಗಳು ಒಂದೇ ಷಡ್ಜಕ್ಕೆ ನಿಂತೂ ಪರಸ್ಪರ ತುಸು ಮಿಡಿಯುತ್ತವಲ್ಲ, ಹಾಗೆ. ತಯಾರಕರು ಅದನ್ನು ದೋಷವೆಂದು ತಿಳಿದು ತಿದ್ದಲು ಹೆಣಗಿದರು. 1983ರಲ್ಲಿ ಬಂದ ಯಮಾಹಾ ಡಿಎಕ್ಸ್-7 ಅಂಕಿಗಳ ಲೆಕ್ಕದಲ್ಲೇ ನಾದ ಹುಟ್ಟಿಸಿ ಆ ದೋಷವನ್ನು ಕಳೆಯಿತು. ತಮಾಷೆಯೆಂದರೆ, ಇಂದಿನ ಕಂಪ್ಯೂಟರ್ ತಂತ್ರಾಂಶಗಳು ಹಳೆಯ ಯಂತ್ರವನ್ನು ಅನುಕರಿಸುವಾಗ ಅದೇ ದೋಷವನ್ನು ಲೆಕ್ಕಹಾಕಿ ಮರಳಿ ಸೇರಿಸುತ್ತವೆ. ಅದಕ್ಕೆ ಈಗ 'ಬೆಚ್ಚನೆಯ ದನಿ' ಎಂದು ಹೆಸರು!

ಆ ಕಾಲದ ಡ್ರಮ್ಮಿನ ಕಥೆಯೂ ಇಂಥದ್ದೇ. ಏಟಿನ ಅನುರಣನ ತುಂಬಿಕೊಳ್ಳುತ್ತಿದ್ದಂತೆಯೇ ಅದನ್ನು ತಟ್ಟನೆ ಕತ್ತರಿಸುವ ವಿಧಾನ 1980ರ ಸುಮಾರಿಗೆ ಲಂಡನ್ನಿನ ಸ್ಟುಡಿಯೋದಲ್ಲಿ ರೂಪುಗೊಂಡಿತು. ಫಿಲ್ ಕಾಲಿನ್ಸ್ ಅವರ 1981ರ 'ಇನ್ ದಿ ಏರ್ ಟುನೈಟ್' ಹಾಡಿನ ಮೂಲಕ ಅದು ಮನೆಮಾತಾಯಿತು. ದಶಕ ಕಳೆಯುವ ಹೊತ್ತಿಗೆ ಅದೇ ಏಟು ಹಳಸಲೆನಿಸಿ, ತೊಂಬತ್ತರ ದಶಕದ ಗಿಟಾರ್ ತಂಡಗಳು ಅದನ್ನು ಮೂಲೆಗೆ ತಳ್ಳಿದವು.

ಇನ್ನು, ಎಂಬತ್ತರ ದಶಕ ಮುಗಿದ ಮೇಲೆ ಹುಟ್ಟಿದ ಗಾಯಕನಿಗೆ ಆ ದಶಕದ ನೆನಪು ಬಂದದ್ದೆಲ್ಲಿಂದ? ಉತ್ತರದ ಒಂದು ಭಾಗ ಸ್ವೀಡನ್ನಿನಲ್ಲಿದೆ. ಹಾಡನ್ನು ಟೆಸ್ಫಾಯೆ ಜೊತೆಗೂಡಿ ಕಟ್ಟಿದವರಲ್ಲಿ ಮ್ಯಾಕ್ಸ್ ಮಾರ್ಟಿನ್ ಮತ್ತು ಆಸ್ಕರ್ ಹೋಲ್ಟರ್ ಆ ದೇಶದವರು. 1998ರಲ್ಲಿ ಬ್ರಿಟ್ನಿ ಸ್ಪಿಯರ್ಸ್ ಅವರ ಮೊದಲ ಹಾಡನ್ನು ಬರೆದು ಹೆಸರಾದ ಮಾರ್ಟಿನ್ ಹುಟ್ಟಿದ್ದು 1971ರಲ್ಲಿ. ನೆರೆಯ ನಾರ್ವೆಯ ತಂಡ ಜಗತ್ತನ್ನು ಗೆದ್ದಾಗ ಆತ ಹದಿನಾಲ್ಕರ ಹುಡುಗ. ಉತ್ತರದ ಇನ್ನೊಂದು ಭಾಗ ಚಲನಚಿತ್ರಗಳಲ್ಲಿದೆ. 2011ರ 'ಡ್ರೈವ್' ಚಿತ್ರ, 2016ರಲ್ಲಿ ಆರಂಭವಾದ 'ಸ್ಟ್ರೇಂಜರ್ ಥಿಂಗ್ಸ್' ಧಾರಾವಾಹಿ ಇವೆಲ್ಲ ಆ ದಶಕವನ್ನು ಕಾಣದವರಿಗೂ ಅದರ ರಾತ್ರಿಯ ಬಣ್ಣ, ನಿಯಾನ್ ಬೆಳಕು, ಸಿಂಥಸೈಜರ್‌ನ ಗುಂಗು ಹೇಗಿರಬೇಕೆಂದು ಕಲಿಸಿಬಿಟ್ಟಿದ್ದವು. ಬದುಕಿರದ ಕಾಲಕ್ಕೆ ಹಂಬಲಿಸುವುದು ನಗೆಪಾಟಲೆನಿಸಬಹುದು. ಆದರೆ 1987ರ 'ಪ್ರೇಮಲೋಕ'ದ ಹಾಡುಗಳನ್ನು ಕ್ಯಾಸೆಟ್ಟನ್ನೇ ಕಾಣದ ಮಕ್ಕಳು ಗುನುಗುವುದನ್ನು ಕೇಳಿದವರು ಹಾಗೆ ನಗಲಾರರು.

ಅನುಕರಣೆಯಷ್ಟೇ ಆಗಿದ್ದರೆ ಈ ಹಾಡು ಇಷ್ಟು ದೂರ ಬರುತ್ತಿರಲಿಲ್ಲ. ಓಟ ಕುಣಿಸುವಂಥದ್ದು, ಆದರೆ ದನಿಯಲ್ಲಿ ಕಂಗಾಲು. ನಡುರಾತ್ರಿ ಅಮಲಿನಲ್ಲಿ ಒಬ್ಬಂಟಿಯಾಗಿ ಕಾರು ಓಡಿಸಿಕೊಂಡು ಪ್ರಿಯಳನ್ನು ಸೇರಲು ಹೊರಟವನ ಪಾಡು ಅದು. ಬೀದಿದೀಪಗಳೇ ಅವನ ಕಣ್ಣು ಕಟ್ಟುತ್ತವೆ. ಕುಡಿದು ವಾಹನ ಓಡಿಸುವುದನ್ನು ತಾನು ಹೊಗಳುತ್ತಿಲ್ಲ, ಆ ಕತ್ತಲು ಹಾಡಿನ ಒಳಗಿದೆ ಎಂದು ಗಾಯಕರೇ ಸಂದರ್ಶನದಲ್ಲಿ ವಿವರಿಸಿದ್ದುಂಟು. 1982ರಲ್ಲಿ ಹೃದಯವಿಲ್ಲವೆಂದು ದೂರಿಸಿಕೊಂಡ ವಾದ್ಯ ಇಲ್ಲಿ ಹಾಡಿನ ಹೃದಯದ ಕೆಲಸವನ್ನೇ ಮಾಡುತ್ತದೆ. ಗಾಯಕ ಹೇಳಲಾಗದೆ ನಿಲ್ಲಿಸಿದ್ದನ್ನು ಕೀಬೋರ್ಡಿನ ಸ್ವರಗುಚ್ಛ ಮುಂದುವರಿಸುತ್ತದೆ. 2020ರ ವಸಂತದಲ್ಲಿ ಟಿಕ್‌ಟಾಕ್‌ನಲ್ಲಿ ಅಪ್ಪ, ಅಮ್ಮ, ಮಕ್ಕಳು ಸಾಲಾಗಿ ನಿಂತು ಕುಣಿದದ್ದೂ ಹಾಡಿನ ಮಾತಿಗಲ್ಲ, ಈ ಸ್ವರಗುಚ್ಛಕ್ಕೇ. ಮನೆಯಿಂದ ಹೊರಗೆ ಕಾಲಿಡುವಂತಿರಲಿಲ್ಲ. ರಾತ್ರಿ ಪ್ರಯಾಣದ ಹಾಡು ನಡುಮನೆಯ ಕುಣಿತವಾಯಿತು.

ಅಂಕಿಅಂಶಗಳನ್ನು ಚುಟುಕಾಗಿ ಹೇಳಿದರೆ ಸಾಕು. ಅಮೆರಿಕದ ಬಿಲ್‌ಬೋರ್ಡ್ ಪಟ್ಟಿಯಲ್ಲಿ ಅದು ಮೊದಲ ಸ್ಥಾನದಲ್ಲಿದ್ದುದು ನಾಲ್ಕೇ ವಾರ. ಆದರೆ ಮೊದಲ ಹತ್ತರೊಳಗೆ 57 ವಾರ, ನೂರರೊಳಗೆ 90 ವಾರ ಉಳಿಯಿತು. ಎರಡೂ ಆಗಿನ ಮಟ್ಟಿಗೆ ದಾಖಲೆಗಳು. 2021ರ ನವೆಂಬರಿನಲ್ಲಿ ಬಿಲ್‌ಬೋರ್ಡ್ ಪತ್ರಿಕೆ ತನ್ನ ಪಟ್ಟಿಯ ಇಡೀ ಇತಿಹಾಸದ ಅತಿ ಯಶಸ್ವಿ ಹಾಡೆಂದು ಇದನ್ನು ಸಾರಿತು. ಅದುವರೆಗೆ ಆ ಪಟ್ಟ 1960ರಲ್ಲಿ ಚಬ್ಬಿ ಚೆಕರ್ ಹಾಡಿದ 'ದಿ ಟ್ವಿಸ್ಟ್'ನದಾಗಿತ್ತು. 2024ರ ಜನವರಿಯಲ್ಲಿ ಸ್ಪಾಟಿಫೈನಲ್ಲಿ 400 ಕೋಟಿ ಬಾರಿ ಕೇಳಲ್ಪಟ್ಟ ಮೊದಲ ಹಾಡೂ ಇದೇ ಆಯಿತು.

ಇಷ್ಟೆಲ್ಲ ಆದ ಹಾಡಿಗೆ ಗ್ರ್ಯಾಮಿ ಪ್ರಶಸ್ತಿ ಬಂತೆ? ಪ್ರಶಸ್ತಿಯ ಮಾತು ಹಾಗಿರಲಿ, 2020ರ ನವೆಂಬರ್ 24ರಂದು ಪ್ರಕಟವಾದ ನಾಮನಿರ್ದೇಶನಗಳ ಉದ್ದ ಪಟ್ಟಿಯಲ್ಲಿ ಎಲ್ಲೂ ಇದರ ಹೆಸರೇ ಇರಲಿಲ್ಲ. ಆಲ್ಬಮ್ಮಿಗೂ ಅದೇ ಗತಿ. ಅದಕ್ಕೂ ಮೊದಲು ಮೂರು ಗ್ರ್ಯಾಮಿ ಗೆದ್ದಿದ್ದ ಗಾಯಕ, ಗ್ರ್ಯಾಮಿ ಭ್ರಷ್ಟವಾಗಿಯೇ ಉಳಿದಿದೆ ಎಂದು ಬಹಿರಂಗವಾಗಿ ದೂರಿದರು. 2021ರ ಫೆಬ್ರವರಿಯ ಸೂಪರ್ ಬೌಲ್ ಪಂದ್ಯದ ವಿರಾಮದಲ್ಲಿ ಹಾಡಲು ಅವರು ಒಪ್ಪಿದ್ದೇ ಮುನಿಸಿಗೆ ಕಾರಣವೆಂಬ ಗುಸುಗುಸು ಹಬ್ಬಿತು. ಮತದಾನ ಅದಕ್ಕೆ ಮೊದಲೇ ಮುಗಿದಿತ್ತೆಂದು ಪ್ರಶಸ್ತಿ ನೀಡುವ ಅಕಾಡೆಮಿಯ ಮುಖ್ಯಸ್ಥ ಹಾರ್ವಿ ಮೇಸನ್ ಅಲ್ಲಗಳೆದರು.

ಈ ಜಗಳದಿಂದ ಹೊರಬಿದ್ದ ಮುಖ್ಯ ಸಂಗತಿ ಬೇರೆ. ಸಾವಿರಾರು ಸದಸ್ಯರು ಮತ ಹಾಕಿ ಮುಂದೆ ತಂದ ಹೆಸರುಗಳನ್ನು ಹಲವು ವಿಭಾಗಗಳಲ್ಲಿ ಒಂದು ಸಣ್ಣ ಸಮಿತಿ ಮತ್ತೆ ಜರಡಿ ಹಿಡಿಯುತ್ತಿತ್ತು. ಅದರಲ್ಲಿ ಯಾರಿದ್ದಾರೆಂಬುದು ಹೊರಗಿನವರಿಗೆ ತಿಳಿಯುತ್ತಿರಲಿಲ್ಲ. ಜನಪ್ರಿಯತೆಯ ಅಬ್ಬರದಲ್ಲಿ ಒಳ್ಳೆಯದು ಕೊಚ್ಚಿಹೋಗದಿರಲಿ ಎಂಬುದು ಅದರ ಉದ್ದೇಶ. ಉದ್ದೇಶ ಕೆಟ್ಟದ್ದೆನ್ನಲಾಗದು. ಅತಿ ಹೆಚ್ಚು ಮಂದಿ ಕೇಳಿದ ಹಾಡೇ ಅತ್ಯುತ್ತಮ ಹಾಡೆನ್ನುವುದಾದರೆ ತೀರ್ಪುಗಾರರೇ ಬೇಡ. ಆದರೆ ತಿರಸ್ಕರಿಸಿದವರು ಯಾರು, ಏಕೆ ಎಂದು ಕೇಳುವ ದಾರಿಯೇ ಇಲ್ಲದಿದ್ದರೆ ರಸವಿಮರ್ಶೆಗೂ ಒಳಸಂಚಿಗೂ ವ್ಯತ್ಯಾಸ ತಿಳಿಯುವುದು ಹೇಗೆ? 2021ರ ಮಾರ್ಚ್‌ನಲ್ಲಿ ಟೆಸ್ಫಾಯೆ, ಗುಪ್ತ ಸಮಿತಿಗಳ ಕಾರಣಕ್ಕೆ ಇನ್ನು ತಮ್ಮ ಸಂಗೀತವನ್ನು ಪರಿಶೀಲನೆಗೆ ಕಳುಹಿಸಲು ಬಿಡುವುದಿಲ್ಲ ಎಂದರು. ಏಪ್ರಿಲ್ 30ರಂದು ಅಕಾಡೆಮಿ ನಾಮನಿರ್ದೇಶನದ ಬಹುತೇಕ ಗುಪ್ತ ಸಮಿತಿಗಳನ್ನು ರದ್ದುಗೊಳಿಸಿತು. ಅವುಗಳ ವಿರುದ್ಧ ಕೂಗು ಹಿಂದಿನಿಂದಲೂ ಇತ್ತು. ಈ ಹಾಡಿನ ಪ್ರಕರಣದಿಂದ ಅದನ್ನು ಕೇಳದಂತೆ ಕೂರುವುದು ಕಷ್ಟವಾಯಿತು.

2025ರ ಫೆಬ್ರವರಿಯಲ್ಲಿ ಅದೇ ಗ್ರ್ಯಾಮಿ ಸಮಾರಂಭದಲ್ಲಿ ಹಾರ್ವಿ ಮೇಸನ್ ವೇದಿಕೆಗೆ ಬಂದು, ಟೀಕೆಯಿಂದ ಸಂಸ್ಥೆ ಬದಲಾದ ಬಗೆಯನ್ನು ನೆನೆದು, ಮುನಿಸಿಕೊಂಡಿದ್ದ ಗಾಯಕನನ್ನು ಪರಿಚಯಿಸಿದರು. ಮುನ್ಸೂಚನೆಯೇ ಇಲ್ಲದೆ ಟೆಸ್ಫಾಯೆ ಎದುರಿಗೆ ಬಂದು ಹಾಡಿದರು. ಹಾಡಿದ್ದು ಎರಡು ಹೊಸ ಹಾಡುಗಳನ್ನು. 'ಬ್ಲೈಂಡಿಂಗ್ ಲೈಟ್ಸ್' ಅವುಗಳಲ್ಲಿ ಇರಲಿಲ್ಲ.