ಹುಳು ಕೊರೆದ ದಾರಿ

ಕಥೆಯ ನಾಯಕನು ಒಂದು ಬಾಗಿಲನ್ನು ದಾಟುತ್ತಾನೆ. ಮರುಕ್ಷಣದಲ್ಲಿಯೇ ಬೇರೊಂದು ನಕ್ಷತ್ರದ ಬಳಿ ನಿಂತಿರುತ್ತಾನೆ. ನಮ್ಮ ಪುರಾಣಗಳ ತ್ರಿಲೋಕಸಂಚಾರಿಯಾದ ನಾರದರಿಗಾದರೋ ಇಂಥ ಬಾಗಿಲೂ ಬೇಕಾಗಿರಲಿಲ್ಲ. ಇಂದಿನ ಕಾದಂಬರಿಗಳೂ ಚಲನಚಿತ್ರಗಳೂ ಆ ಬಾಗಿಲಿಗೆ ‘ವರ್ಮ್‌ಹೋಲ್’ ಎಂಬ ಹೆಸರನ್ನು ಕೊಟ್ಟಿವೆ. ನಾವು ಅದನ್ನು ಹುಳುಬಿಲ ಎಂದು ಕರೆಯೋಣ. ಅಂಥ ಬಿಲವನ್ನು ಈವರೆಗೆ ಯಾರೂ ಕಂಡಿಲ್ಲ. ಆದರೂ ವಿಜ್ಞಾನಿಗಳು ಅದನ್ನು ಕುರಿತು 1935ರಿಂದಲೂ ಲೆಕ್ಕ ಹಾಕುತ್ತ ಬಂದಿದ್ದಾರೆ. ಕಾಣದ ವಸ್ತುವಿಗಾಗಿ ಇಷ್ಟೊಂದು ಶ್ರಮವೇಕೆ?

ಮೊದಲು ದೂರದ ಮಾತನ್ನು ನೋಡೋಣ. ಸೂರ್ಯನನ್ನು ಬಿಟ್ಟರೆ ನಮಗೆ ಅತ್ಯಂತ ಸಮೀಪದ ನಕ್ಷತ್ರವು ಪ್ರಾಕ್ಸಿಮಾ ಸೆಂಟಾರಿ. ಅಲ್ಲಿಂದ ಹೊರಟ ಬೆಳಕು ನಮ್ಮನ್ನು ಮುಟ್ಟಲು 4.2 ವರ್ಷಗಳು ಬೇಕು. 1977ರಲ್ಲಿ ಹಾರಿಸಿದ ವಾಯೇಜರ್-1 ನೌಕೆಯು ಸೆಕೆಂಡಿಗೆ ಸುಮಾರು 17 ಕಿಲೋಮೀಟರ್ ವೇಗದಲ್ಲಿ ದೂರ ಸಾಗುತ್ತಿದೆ. ಈ ವೇಗದಲ್ಲಿ ಆ ನಕ್ಷತ್ರವನ್ನು ತಲಪಲು ಸುಮಾರು 75,000 ವರ್ಷಗಳಾದರೂ ಬೇಕು! ಬೆಳಕಿಗಿಂತ ವೇಗವಾಗಿ ಓಡುವಂತಿಲ್ಲವೆಂಬುದು ಪ್ರಕೃತಿಯ ಕಟ್ಟಳೆ. ವೇಗವನ್ನು ಹೆಚ್ಚಿಸಲಾಗದಿದ್ದರೆ ದಾರಿಯನ್ನೇ ಕಿರಿದು ಮಾಡಬಹುದೆ?

ಇಲ್ಲಿ ಅಡುಗೆಮನೆಯ ಬದನೆಕಾಯಿಯೊಂದು ನಮಗೆ ನೆರವಾಗುತ್ತದೆ. ಕಾಯಿಯ ಮೇಲೆ ನಡೆಯುವ ಇರುವೆಗೆ ಅದರ ಸಿಪ್ಪೆಯೇ ಜಗತ್ತು. ಒಂದು ಮಗ್ಗುಲಿನಿಂದ ಇನ್ನೊಂದು ಮಗ್ಗುಲಿಗೆ ಹೋಗಲು ಅದು ಕಾಯಿಯನ್ನು ಸುತ್ತಿ ಬರಬೇಕು. ಆದರೆ ಹುಳುವೊಂದು ಕಾಯಿಯನ್ನು ಆರಪಾರ ಕೊರೆದಿದ್ದರೆ, ಇರುವೆಯು ಆ ಬಿಲದ ಗೋಡೆಯ ಮೇಲೆಯೇ ನಡೆದು ಬೇಗನೆ ಆಚೆ ಸೇರಬಹುದು. ಇಲ್ಲಿ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಬಿಲದ ಗೋಡೆಯೂ ಸಿಪ್ಪೆಯಂತೆ ಒಂದು ಮೇಲ್ಮೈಯೇ. ಇರುವೆಯು ತಿರುಳಿನೊಳಗೆ ಕಾಲಿಡುವುದೇ ಇಲ್ಲ. ಹಾಗೆಯೇ ಹುಳುಬಿಲದ ಪಯಣಿಗನು ಬೇರೊಂದು ಆಯಾಮಕ್ಕೆ ನುಸುಳುವುದಿಲ್ಲ. ಅವನು ಉದ್ದ, ಅಗಲ, ಎತ್ತರಗಳುಳ್ಳ ಈ ಆಕಾಶದಲ್ಲಿಯೇ, ಅದು ಬಾಗಿ ಕೂಡಿಕೊಂಡಿರುವ ಕಡೆಯಲ್ಲಿ ನಡೆಯುತ್ತಾನೆ. ‘ಆಯಾಮಗಳ ನಡುವಣ ಪ್ರಯಾಣ’ ಎಂಬ ಕಥೆಗಾರರ ಮಾತನ್ನು ಹೀಗೆ ತಿದ್ದಿಕೊಳ್ಳಬೇಕಾಗುತ್ತದೆ.

ಆಕಾಶವು ಬಾಗಬಲ್ಲುದೆಂಬುದನ್ನು ತೋರಿಸಿಕೊಟ್ಟುದು ಐನ್‌ಸ್ಟೈನರು 1915ರಲ್ಲಿ ಪೂರ್ಣಗೊಳಿಸಿದ ಸಾರ್ವತ್ರಿಕ ಸಾಪೇಕ್ಷತಾ ಸಿದ್ಧಾಂತ. 1935ರಲ್ಲಿ ಅವರೂ ಅವರ ಸಹೋದ್ಯೋಗಿ ನೇಥನ್ ರೋಸೆನ್ನರೂ ಆ ಸಿದ್ಧಾಂತದ ಸಮೀಕರಣಗಳಲ್ಲಿ ಆಕಾಶದ ಎರಡು ಹಾಳೆಗಳನ್ನು ಕೂಡಿಸುವ ಒಂದು ಸೇತುವೆಯನ್ನು ಕಂಡರು. ಅವರ ಉದ್ದೇಶ ಪ್ರಯಾಣವಾಗಿರಲಿಲ್ಲ. ಪರಮಾಣುವಿನ ಕಣಗಳ ಸ್ವರೂಪವನ್ನು ವಿವರಿಸುವುದಾಗಿತ್ತು. 1957ರಲ್ಲಿ ಚಾರ್ಲ್ಸ್ ಮಿಸ್ನರ್ ಮತ್ತು ಜಾನ್ ವ್ಹೀಲರ್ ಎಂಬ ಅಮೆರಿಕದ ವಿಜ್ಞಾನಿಗಳು ಇಂಥ ರಚನೆಗೆ ಹುಳುಬಿಲವೆಂಬ ಹೆಸರನ್ನು ಬಳಸಿದರು.

ಸೇತುವೆಯನ್ನು ಕಾಗದದ ಮೇಲೆ ಬರೆದರೆ ಸಾಲದು; ಅದು ನಿಲ್ಲುವುದೆ ಎಂಬುದನ್ನು ಪರೀಕ್ಷಿಸಬೇಕು. 1962ರಲ್ಲಿ ರಾಬರ್ಟ್ ಫುಲ್ಲರ್ ಮತ್ತು ವ್ಹೀಲರ್ ಈ ಪರೀಕ್ಷೆಯನ್ನು ಮಾಡಿದರು. ಫಲ ನಿರಾಶಾದಾಯಕವಾಗಿತ್ತು. ಆ ಸೇತುವೆಯ ಕೊರಳು ತೆರೆದು ಮತ್ತೆ ಮುಚ್ಚಿಕೊಳ್ಳುವ ತ್ವರೆ ಎಷ್ಟೆಂದರೆ, ಬೆಳಕಿನ ಕಿರಣವೂ ಅದನ್ನು ದಾಟಲಾರದು.

ಮುಂದಿನ ಹೆಜ್ಜೆಗೆ ಕಾರಣವಾದುದು ಒಂದು ಕಾದಂಬರಿ. ಖಗೋಳವಿಜ್ಞಾನಿ ಕಾರ್ಲ್ ಸೇಗನ್ನರು 1985ರಲ್ಲಿ ಪ್ರಕಟವಾದ ‘ಕಾಂಟ್ಯಾಕ್ಟ್’ ಎಂಬ ಕೃತಿಯನ್ನು ಬರೆಯುತ್ತಿದ್ದಾಗ ತಮ್ಮ ನಾಯಕಿಯನ್ನು ಕಪ್ಪುಕುಳಿಯ ಮೂಲಕ ದೂರದ ನಕ್ಷತ್ರಕ್ಕೆ ಕಳುಹಿಸಬಯಸಿದ್ದರು. ಇದು ಸಾಧ್ಯವೆ ಎಂದು ಮಿತ್ರ ಕಿಪ್ ಥಾರ್ನರನ್ನು ಕೇಳಿದರು. ಕಪ್ಪುಕುಳಿಯಲ್ಲಿ ಬಿದ್ದವಳು ಹೊರಬರಲಾರಳು, ಹುಳುಬಿಲವನ್ನು ಬಳಸಿ, ಎಂಬುದು ಥಾರ್ನರ ಸಲಹೆ. ಮುಂದೆ 1988ರಲ್ಲಿ ಅವರು ತಮ್ಮ ಶಿಷ್ಯ ಮೈಕೇಲ್ ಮಾರಿಸ್ಸರೊಡನೆ ಒಂದು ಪ್ರಬಂಧವನ್ನು ಪ್ರಕಟಿಸಿದರು. ಸಾಪೇಕ್ಷತಾ ಸಿದ್ಧಾಂತವನ್ನು ವಿದ್ಯಾರ್ಥಿಗಳಿಗೆ ಬೋಧಿಸಲು ಇದೊಂದು ಸಾಧನವೆಂದು ಅದರ ಶೀರ್ಷಿಕೆಯಲ್ಲಿಯೇ ಹೇಳಿದ್ದರು.

ಮುಚ್ಚಿಕೊಳ್ಳದ ಬಿಲಕ್ಕೆ ಏನು ಬೇಕು? ಶಾಲೆಯಲ್ಲಿ ನಾವು ನೋಡಿದ ಮಸೂರಗಳನ್ನು ನೆನೆಯೋಣ. ಪೀನ ಮಸೂರವು ಕಿರಣಗಳನ್ನು ಒಗ್ಗೂಡಿಸುತ್ತದೆ. ನಿಮ್ನ ಮಸೂರವು ಚೆದರಿಸುತ್ತದೆ. ನಾವು ಬಲ್ಲ ಪದಾರ್ಥಗಳ ಗುರುತ್ವವೆಲ್ಲ ಪೀನ ಮಸೂರದ ಬಗೆಯದು. ಬಿಲದೊಳಕ್ಕೆ ಹೋಗುವಾಗ ಒಗ್ಗೂಡುವ ಕಿರಣಗಳು ಆಚೆಯ ಬಾಯಿಯಲ್ಲಿ ಚೆದರಬೇಕು. ಆದುದರಿಂದ ಅದರ ಕೊರಳಿನಲ್ಲಿ ನಿಮ್ನ ಮಸೂರದಂತೆ ವರ್ತಿಸುವ, ಶೂನ್ಯಕ್ಕಿಂತ ಕಡಮೆಯಾದ, ಎಂದರೆ ಋಣಶಕ್ತಿಯುಳ್ಳ ಪದಾರ್ಥವಿರಬೇಕು. ಇಂಥ ಶಕ್ತಿಯ ಸುಳಿವು ಇಲ್ಲದಿಲ್ಲ. ನಿರ್ವಾತದಲ್ಲಿ ಅತಿ ಸಮೀಪವಿಟ್ಟ ಎರಡು ಲೋಹದ ಫಲಕಗಳು ಪರಸ್ಪರ ಸೆಳೆಯುವುವೆಂದು ಹಾಲೆಂಡಿನ ಹೆಂಡ್ರಿಕ್ ಕ್ಯಾಸಿಮಿರ್ 1948ರಲ್ಲಿ ಲೆಕ್ಕ ಹಾಕಿದರು. 1997ರಲ್ಲಿ ಅದನ್ನು ನಿಖರವಾಗಿ ಅಳೆಯಲಾಯಿತು. ಫಲಕಗಳ ನಡುವಣ ಶಕ್ತಿಯು ಬರಿಯ ನಿರ್ವಾತದ ಶಕ್ತಿಗಿಂತ ಕಡಮೆ. ಆದರೆ ಅದು ಅತ್ಯಲ್ಪ. ಮೀಟರ್ ಗಾತ್ರದ ಬಿಲಕ್ಕಾದರೋ, ಸ್ಥೂಲ ಲೆಕ್ಕದಂತೆ, ಗುರುಗ್ರಹದಷ್ಟು ಋಣದ್ರವ್ಯ ಬೇಕು. ‘ಸಮೀಕರಣ ನಿಷೇಧಿಸಿಲ್ಲ’ ಎಂಬುದಕ್ಕೂ ‘ಪ್ರಕೃತಿಯಲ್ಲಿ ಇದೆ’ ಎಂಬುದಕ್ಕೂ ಇರುವ ಅಂತರ ಇಷ್ಟು ದೊಡ್ಡದು.

ಹಾಗಾದರೆ ಇದೆಲ್ಲ ವ್ಯರ್ಥಪ್ರಯಾಸವೆ? ಬೆಂಗಳೂರಿನಲ್ಲಿ ಜನಿಸಿದ ಸಿ. ವಿ. ವಿಶ್ವೇಶ್ವರರು, ಹುಳುಬಿಲಕ್ಕೆ ಹೆಸರಿಟ್ಟವರಲ್ಲೊಬ್ಬರಾದ ಮಿಸ್ನರರ ಶಿಷ್ಯರು. ‘ಇದು ನಿಲ್ಲುವುದೆ?’ ಎಂಬ ಅದೇ ಪ್ರಶ್ನೆಯನ್ನು ಅವರು ಕಪ್ಪುಕುಳಿಗೆ ಹಾಕಿದರು. ಆಗ ಅದೂ ಬರಿಯ ಕಲ್ಪನೆಯೆಂದೇ ಹಲವರ ಎಣಿಕೆ. ತಟ್ಟಿದರೂ ಕಪ್ಪುಕುಳಿ ಒಡೆಯುವುದಿಲ್ಲ, ಗಂಟೆಯಂತೆ ಕಂಪಿಸಿ ಶಾಂತವಾಗುತ್ತದೆ, ಎಂದು ಅವರು 1970ರಲ್ಲಿ ತೋರಿಸಿಕೊಟ್ಟರು. 2015ರ ಸೆಪ್ಟೆಂಬರ್ 14ರಂದು ಅಮೆರಿಕದ ಲೈಗೊ ಉಪಕರಣಗಳು ಎರಡು ಕಪ್ಪುಕುಳಿಗಳು ಕೂಡಿದಾಗ ಎದ್ದ ಗುರುತ್ವದ ಅಲೆಗಳನ್ನು ಹಿಡಿದಾಗ, ಆ ಅಲೆಯ ಕೊನೆಯ ಭಾಗವು ಈ ಲೆಕ್ಕಕ್ಕೆ ಹೊಂದಿಕೊಂಡಿತು. ಬೆಂಗಳೂರಿನ ಜವಾಹರಲಾಲ್ ನೆಹರು ತಾರಾಲಯದ ಸ್ಥಾಪಕ ನಿರ್ದೇಶಕರಾಗಿದ್ದ ಅವರು 2017ರಲ್ಲಿ ತೀರಿಕೊಳ್ಳುವ ಮುನ್ನ ಈ ಸುದ್ದಿಯನ್ನು ಕೇಳಿದರು.

ಎರಡು ಕಲ್ಪನೆಗಳಿಗೂ ಪ್ರಶ್ನೆ ಒಂದೇ. ಒಂದು ನಿಂತಿತು, ಇನ್ನೊಂದಕ್ಕೆ ಇನ್ನೂ ಆಧಾರ ದೊರೆತಿಲ್ಲ. ಯಾವುದು ನಿಲ್ಲುವುದೆಂದು ಪ್ರಶ್ನಿಸುವ ಮೊದಲೇ ಬಲ್ಲವರು ಯಾರೂ ಇರಲಿಲ್ಲ. ಕಲ್ಪಿಸಲು ಅಂಜದಿರುವುದು, ಕಲ್ಪಿಸಿದುದನ್ನು ಲೆಕ್ಕದ ಒರೆಗಲ್ಲಿಗೆ ಹಚ್ಚಲು ಹಿಂಜರಿಯದಿರುವುದು, ಇವೆರಡನ್ನೂ ಅಭ್ಯಾಸ ಮಾಡಿಕೊಂಡರೆ ಹುಳು ಕೊರೆದ ಈ ದಾರಿಯಿಂದ ನಮಗೆ ಲಾಭವಾದಂತೆಯೇ.