ಬೂದಿದಿಬ್ಬಗಳನ್ನು ಓದುವ ಬಗೆ: ಪುರಾತತ್ವಶಾಸ್ತ್ರದ ವಿಧಾನ ಮತ್ತು ನಮ್ಮ ಅಧ್ಯಯನ

ಪುರಾತತ್ವಶಾಸ್ತ್ರವು ಬೈಬಲನ್ನು ಸಾಬೀತುಪಡಿಸಿದೆಯೇ ಎಂಬ ಪ್ರಶ್ನೆಯು ಗುರುಮಠದ ತರಗತಿಗಳಲ್ಲಿ ವರ್ಷಕ್ಕೊಮ್ಮೆಯಾದರೂ ಕೇಳಿಬರುತ್ತದೆ. ಧರ್ಮಕೇಂದ್ರಗಳ ಬೈಬಲ್ ಕೂಟಗಳಲ್ಲಿ ಇನ್ನೂ ಹೆಚ್ಚಾಗಿ. ಹೌದು ಅಥವಾ ಇಲ್ಲ ಎಂದು ಉತ್ತರಿಸುವ ಮುನ್ನ ಪುರಾತತ್ವಜ್ಞರು ಯಾವುದನ್ನು, ಯಾವ ಆಧಾರದಿಂದ, ಎಷ್ಟರ ಮಟ್ಟಿಗೆ ತಿಳಿಯಬಲ್ಲರು ಎಂಬುದನ್ನು ಅರಿಯಬೇಕು. ಅದಕ್ಕಾಗಿ ನಾವು ಪ್ಯಾಲೆಸ್ತೀನಿನಿಂದಲೇ ಆರಂಭಿಸಬೇಕಾಗಿಲ್ಲ. ಚಿತ್ರದುರ್ಗ ಜಿಲ್ಲೆಯ ಬ್ರಹ್ಮಗಿರಿಯಿಂದ ಆರಂಭಿಸಬಹುದು.

ಮೊಳಕಾಲ್ಮೂರು ತಾಲ್ಲೂಕಿನ ಈ ಬೆಟ್ಟದ ತಪ್ಪಲಲ್ಲಿ ಅಶೋಕನ ಶಾಸನವಿದೆ. ಮೈಸೂರು ಪುರಾತತ್ವ ಇಲಾಖೆಯ ಎಂ. ಎಚ್. ಕೃಷ್ಣ ಅವರು ಇಲ್ಲಿ ಮೊದಲೇ ಉತ್ಖನನ ನಡೆಸಿದ್ದರು. 1947ರಲ್ಲಿ ಮಾರ್ಟಿಮರ್ ವ್ಹೀಲರ್ ಅವರು ಮತ್ತೆ ಅಗೆದರು. ಅವರ ವಿಧಾನದ ತಿರುಳು ಸರಳವಾದುದು: ನೆಲವನ್ನು ಚೌಕಗಳಾಗಿ ವಿಭಜಿಸಿ, ಚೌಕಗಳ ನಡುವೆ ಅಗೆಯದ ಗೋಡೆಗಳನ್ನು ಉಳಿಸಿ, ಆ ಗೋಡೆಯ ಮೈಯಲ್ಲಿ ಕಾಣುವ ಮಣ್ಣಿನ ಸ್ತರಗಳನ್ನು ಓದುವುದು. ಕೆಳಗಿನ ಸ್ತರ ಹಳೆಯದು, ಮೇಲಿನದು ಹೊಸದು. ಒಂದು ಮಡಕೆಚೂರು ಎಷ್ಟು ಸುಂದರ ಎಂಬುದಕ್ಕಿಂತ ಅದು ಯಾವ ಸ್ತರದಲ್ಲಿ ದೊರಕಿತು ಎಂಬುದೇ ಮುಖ್ಯ. ಹೀಗೆ ನಯಗೊಳಿಸಿದ ಕಲ್ಲುಕೊಡಲಿಗಳ ಜನ, ಬೃಹತ್ ಶಿಲಾಸಮಾಧಿಗಳ ಜನ, ಅನಂತರದ ಶಾತವಾಹನ ಕಾಲದ ಜನ ಎಂಬ ಅನುಕ್ರಮವು ಸ್ಪಷ್ಟವಾಯಿತು. ಅನುಕ್ರಮ ನಿಂತಿತು, ಆದರೆ ಕಾಲಗಣನೆ ನಿಲ್ಲಲಿಲ್ಲ. ವ್ಹೀಲರ್ ಅವರು ಕಲ್ಲುಕೊಡಲಿಯ ಜನರನ್ನು ಕ್ರಿಸ್ತಪೂರ್ವ ಮೊದಲ ಸಹಸ್ರಮಾನದಲ್ಲಿ ಇರಿಸಿದ್ದರು. ಇಂಗಾಲ-14ರ ಪರೀಕ್ಷೆ ಬಂದ ಮೇಲೆ ದಕ್ಷಿಣದ ನವಶಿಲಾಯುಗದ ಆರಂಭವು ಮೂರನೆಯ ಸಹಸ್ರಮಾನಕ್ಕೆ ಹಿಂದೆ ಸರಿಯಿತು.

ಇದೇ ವಿಧಾನವನ್ನು ವ್ಹೀಲರ್ ಅವರಿಂದ ಇಂಗ್ಲೆಂಡಿನಲ್ಲಿ ಕಲಿತ ಕ್ಯಾಥ್ಲೀನ್ ಕೆನ್ಯನ್ ಅವರು 1952ರಿಂದ 1958ರವರೆಗೆ ಜೆರಿಕೋವಿನಲ್ಲಿ ಅಗೆದರು. ಅದಕ್ಕೂ ಹಿಂದೆ, 1930ರ ದಶಕದಲ್ಲಿ, ಜಾನ್ ಗಾರ್‌ಸ್ಟಾಂಗ್ ಅವರು ಅಲ್ಲಿ ಕುಸಿದುಬಿದ್ದ ಗೋಡೆಯೊಂದನ್ನು ಯೆಹೋಶುವನ ಕಾಲದ್ದೆಂದು ಘೋಷಿಸಿದ್ದರು. ಕ್ರೈಸ್ತ ಜಗತ್ತು ಸಂಭ್ರಮಿಸಿತ್ತು. ಆದರೆ ಆ ಗೋಡೆಯು ಆ ಕಾಲಕ್ಕಿಂತಲೂ ಸುಮಾರು ಸಾವಿರ ವರ್ಷ ಹಳೆಯದೆಂದು ಕೆನ್ಯನ್ ಅವರ ಸ್ತರಗಳು ತೋರಿದವು. ಕೆನ್ಯನ್ ವಿಶ್ವಾಸದ ವಿರೋಧಿಯಾಗಿರಲಿಲ್ಲ. ಗೋಡೆಗೆ ಹೆಸರನ್ನು ಮೊದಲೇ ಇಟ್ಟು ಮಣ್ಣನ್ನು ಆಮೇಲೆ ಓದುವ ಕ್ರಮವನ್ನಷ್ಟೇ ಅವರು ಒಪ್ಪಲಿಲ್ಲ. ಯೆಹೋಶುವನ ಗ್ರಂಥದ ಸಾಹಿತ್ಯ ಪ್ರಕಾರವನ್ನು ಕುರಿತು ನಾವು ತರಗತಿಯಲ್ಲಿ ಇಂದು ಕೇಳುವ ಪ್ರಶ್ನೆಗಳಿಗೆ ಈ ಚೌಕಗಳ ಋಣವೂ ಇದೆ.

ಕಾಲವನ್ನು ನಿರ್ಣಯಿಸುವುದು ಒಂದು. ಆ ಜನರ ಬದುಕನ್ನು ಅರಿಯುವುದು ಮತ್ತೊಂದು. ಕ್ರಿಸ್ಟಫರ್ ಹಾಕ್ಸ್ ಅವರು 1954ರಲ್ಲಿ ಇದನ್ನೊಂದು ಏಣಿಯಂತೆ ವಿವರಿಸಿದರು. ಉಪಕರಣಗಳ ತಯಾರಿಕೆಯನ್ನು ತಿಳಿಯುವುದು ಸುಲಭ, ಜೀವನೋಪಾಯವನ್ನು ತಿಳಿಯುವುದೂ ಸಾಧ್ಯ, ಸಮಾಜವ್ಯವಸ್ಥೆ ಕಷ್ಟ, ಧರ್ಮ ಎಲ್ಲಕ್ಕಿಂತ ಕಷ್ಟ. ದೈವಶಾಸ್ತ್ರದ ವಿದ್ಯಾರ್ಥಿಗಳು ಅತ್ಯಂತ ಆಸಕ್ತಿಯಿಂದ ಕೇಳುವುದು ಏಣಿಯ ತುದಿಯ ಮೆಟ್ಟಿಲನ್ನೇ ಎಂಬುದು ಗಮನಾರ್ಹ.

ಈ ತುದಿಯ ಮೆಟ್ಟಿಲನ್ನು ಹತ್ತಲು ನಡೆದ ಪ್ರಯತ್ನಗಳಲ್ಲಿ ಬೂದಿದಿಬ್ಬಗಳ ಕಥೆಯಷ್ಟು ಬೋಧಪ್ರದವಾದುದು ನಮ್ಮ ನಾಡಿನಲ್ಲಿ ಬೇರೊಂದಿಲ್ಲವೆಂದು ಭಾವಿಸುತ್ತೇವೆ. ಬಳ್ಳಾರಿ, ರಾಯಚೂರು, ಯಾದಗಿರಿ ಸೀಮೆಯಲ್ಲಿಯೂ ನೆರೆಯ ತೆಲುಗು ಸೀಮೆಯಲ್ಲಿಯೂ ಇಂಥ ದಿಬ್ಬಗಳು ನೂರಕ್ಕೂ ಹೆಚ್ಚು ಇವೆ. ಹಂಪಿಯ ಬಳಿಯ ನಿಂಬಾಪುರದ ದಿಬ್ಬವನ್ನು ವಾಲಿಯ ಚಿತೆಯ ಬೂದಿಯೆಂದು ಜನ ನಂಬುತ್ತಾರೆ. ಹತ್ತೊಂಬತ್ತನೆಯ ಶತಮಾನದ ಪಂಡಿತರಲ್ಲಿ ಕೆಲವರು ಜ್ವಾಲಾಮುಖಿಯೆಂದರು. ರಾಬರ್ಟ್ ಬ್ರೂಸ್ ಫೂಟ್ ಅವರು ಇದು ಸುಟ್ಟ ಸಗಣಿ, ನವಶಿಲಾಯುಗದ ದನಗಾಹಿಗಳ ದೊಡ್ಡಿಯ ಉಳಿಕೆ ಎಂದರು. ಮುಂದೆ ರಾಸಾಯನಿಕ ಪರೀಕ್ಷೆಯು ಅದನ್ನು ಸಮರ್ಥಿಸಿತು. ಈಗ ತೆಲಂಗಾಣದಲ್ಲಿರುವ ಉಟ್ನೂರಿನಲ್ಲಿ ಎಫ್. ಆರ್. ಆಲ್ಚಿನ್ ಅವರು ಬೇಲಿಯ ಗೂಟಗಳ ಕುಳಿಗಳನ್ನೂ ದನಗಳ ಗೊರಸಿನ ಗುರುತುಗಳನ್ನೂ ಕಂಡರು.

ಆದರೆ ಸಗಣಿಯನ್ನು ಮತ್ತೆ ಮತ್ತೆ ಸುಟ್ಟದ್ದೇಕೆ? ಆಲ್ಚಿನ್ ಅವರು 1963ರ ತಮ್ಮ ಗ್ರಂಥದಲ್ಲಿ ಇದನ್ನು ಇಂದಿನ ಹಬ್ಬಗಳ ಬೆಂಕಿಯೊಡನೆ ಹೋಲಿಸಿ, ವಿಧಿಪೂರ್ವಕವಾದ ದಹನವೆಂದು ಅರ್ಥೈಸಿದರು. ಸಂಕ್ರಾಂತಿಯ ಸಂಜೆ ದನಗಳಿಗೆ ಕಿಚ್ಚು ಹಾಯಿಸುವುದನ್ನು ಕಂಡ ಕನ್ನಡಿಗರಿಗೆ ಈ ಹೋಲಿಕೆ ಮನಸ್ಸಿಗೆ ನಾಟುತ್ತದೆ. ನಾಟುವುದರಿಂದಲೇ ಎಚ್ಚರವೂ ಬೇಕು. ನಾಲ್ಕು ಸಾವಿರ ವರ್ಷಗಳ ಅಂತರವನ್ನು ಹೋಲಿಕೆಯೊಂದೇ ದಾಟಿಸಲಾರದು. ಇದೇ ಸಮಯದಲ್ಲಿ ಅಮೆರಿಕದ ಲೂಯಿಸ್ ಬಿನ್‌ಫರ್ಡ್ ಅವರು, ಊಹೆಯನ್ನು ಪರೀಕ್ಷೆಗೆ ಒಡ್ಡಬೇಕು, ಪರಿಸರ ಮತ್ತು ಜೀವನೋಪಾಯಗಳ ಇಡೀ ವ್ಯವಸ್ಥೆಯಲ್ಲಿ ವಸ್ತುವನ್ನು ಇಟ್ಟು ನೋಡಬೇಕು ಎಂದು ವಾದಿಸಿದರು. ಆ ಚಿಂತನೆಯನ್ನು ಭಾರತದಲ್ಲಿ ಮುಂದಿಟ್ಟವರಲ್ಲಿ ಪ್ರಮುಖರಾದ ಕೆ. ಪದ್ದಯ್ಯ ಅವರು ಸುರಪುರ ಸೀಮೆಯ ಬೂದಿಹಾಳದಲ್ಲಿ ಬೂದಿದಿಬ್ಬವನ್ನಷ್ಟೇ ಅಗೆಯದೆ ಸುತ್ತಲಿನ ನೆಲವನ್ನೂ ವಿಸ್ತಾರವಾಗಿ ಅಗೆದರು. ಅಲ್ಲಿ ವಾಸದ ನೆಲೆಯಿತ್ತು, ಪ್ರಾಣಿಗಳನ್ನು ಕಡಿದ ಜಾಗವಿತ್ತು, ಮಕ್ಕಳ ಸಮಾಧಿಗಳಿದ್ದವು. ದಿಬ್ಬವು ಒಂಟಿಯಾದ ವೇದಿಕೆಯಲ್ಲ, ಊರಿನ ಒಂದು ಭಾಗ. 1980ರ ದಶಕದಲ್ಲಿ ಇಯಾನ್ ಹಾಡರ್ ಮೊದಲಾದವರು ವ್ಯವಸ್ಥೆಯ ಮಾತು ಸಾಲದು, ವಸ್ತುಗಳು ಅರ್ಥವನ್ನೂ ಹೊರುತ್ತವೆ ಎಂದು ಆಕ್ಷೇಪಿಸಿದಾಗ ಪ್ರಶ್ನೆ ಮತ್ತೆ ತೆರೆದುಕೊಂಡಿತು. ಕಸ ವಿಲೇವಾರಿಯೋ ಆರಾಧನೆಯೋ ಎಂಬ ಆಯ್ಕೆಯೇ ಆಧುನಿಕರಾದ ನಮ್ಮದು. ರೊಟ್ಟಿ, ದ್ರಾಕ್ಷಾರಸ, ಎಣ್ಣೆ, ನೀರುಗಳನ್ನು ಸಂಸ್ಕಾರಗಳಲ್ಲಿ ಬಳಸುವ ನಾವು ದಿನಬಳಕೆಯ ವಸ್ತುವೇ ಪವಿತ್ರವಾಗಬಲ್ಲುದೆಂದು ಬಲ್ಲೆವು.

ಶಾಸನವಿರುವಲ್ಲಿ ಸ್ಥಿತಿ ಬೇರೆ. ದಕ್ಷಿಣ ಬೆಂಗಳೂರಿನಲ್ಲಿ ಸೇವೆ ಸಲ್ಲಿಸುವ ಗುರುಗಳಿಗೆ ಬೇಗೂರು ದೂರವಲ್ಲ. ಅಲ್ಲಿನ ಪಂಚಲಿಂಗೇಶ್ವರ ದೇವಾಲಯದ ಬಳಿ ಇರುವ, ಸುಮಾರು 890ರ ವೀರಗಲ್ಲು ಬೆಂಗಳೂರಿನ ಕಾಳೆಗದಲ್ಲಿ ನಾಗತ್ತರನ ಮಗನು ಮಡಿದನೆಂದು ಹೇಳುತ್ತದೆ. ಯಾವ ಬೂದಿದಿಬ್ಬವೂ ನಮಗೆ ಒಂದು ಹೆಸರನ್ನು ಕೊಡಲಾರದು. ಈ ಕಲ್ಲು ಊರಿನ ಹೆಸರನ್ನೂ ತಂದೆಯ ಹೆಸರನ್ನೂ ಕೊಡುತ್ತದೆ. ಆದರೂ ಅದು ಬರೆಸಿದವರ ಮಾತು. ಹೆಸರಿಲ್ಲದೆ ಮಡಿದವರನ್ನು ಮಣ್ಣಿನಲ್ಲಿಯೇ ಹುಡುಕಬೇಕು.

ಆದ್ದರಿಂದ ಕಿರಿಯ ಗುರುಗಳಲ್ಲಿ ಒಂದು ವಿನಂತಿ. ಹಳೆಯ ದೇವಾಲಯವನ್ನು ಕೆಡವಿ ಹೊಸದನ್ನು ಕಟ್ಟುವ ಉತ್ಸಾಹ ನಮ್ಮ ಧರ್ಮಕೇಂದ್ರಗಳಲ್ಲಿ ಬಲವಾಗಿದೆ. ಜೆಸಿಬಿ ಬರುವ ಮುನ್ನ ಕಟ್ಟಡದ ಅಳತೆಯನ್ನೂ ಛಾಯಾಚಿತ್ರಗಳನ್ನೂ ತೆಗೆಯಿರಿ. ಸಮಾಧಿಕಲ್ಲುಗಳ ಬರಹವನ್ನು, ಅವು ನಿಂತಿದ್ದ ಸ್ಥಳದ ನಕ್ಷೆಯೊಡನೆ, ಪ್ರತಿ ಮಾಡಿಕೊಳ್ಳಿರಿ. ಅಡಿಪಾಯದಲ್ಲಿ ಹಳೆಯ ಗೋಡೆ ಅಥವಾ ಕೆತ್ತಿದ ಕಲ್ಲು ಕಂಡರೆ ಕೆಲಸ ನಿಲ್ಲಿಸಿ ರಾಜ್ಯ ಪುರಾತತ್ವ ಇಲಾಖೆಗೆ ತಿಳಿಸಿರಿ. ಅಲ್ಲಿ ಕಂಡದ್ದು ನಮ್ಮ ಪರಂಪರೆಯದ್ದಲ್ಲದಿದ್ದರೂ ಹಾಗೆಯೇ ಮಾಡಿರಿ.